ಪಾಟೀಲರ ಬಂದೂಕಿನ ಹಿಡಿಕೆ

ದುಂಡಪ್ಪ ಕೊಲ್ಲಾಪುರಕ್ಕೆ ಹೋಗಿ ಒಂದು ಗರ್ನಾಲು ತಂದದ್ದೇ ಎಲ್ಲದಕ್ಕೂ ಮೂಲ. ಗರ್ನಾಲು ಅಂದರೆ ಮೊಣಕಾಲೆತ್ತರದ ಕಬ್ಬಿಣದ ಕೊಳವೆ. ಮದ್ದು ತುಂಬಿ ಬತ್ತಿ ಹಚ್ಚಿದರೆ ತೋಪಿನ ಹಾಗೆ ಢಮ್ಮೆನ್ನುವ ಸಾಮಾನು. ಅದನ್ನು ಅವನು ಗಾಡಿಯಲ್ಲಿ ಮೆತ್ತಗೆ ಹುಲ್ಲು ಹಾಸಿ, ಹೊಸ ಸೊಸೆಯನ್ನು ಕರೆತಂದಂತೆ ಊರೊಳಗೆ ತಂದು, ಚಾವಡಿ ಕಟ್ಟೆಯ ಮೇಲೆ ಇಳಿಸಿ ಸಾರಿದ:

"ಈ ದಸರಾಕ್ಕ ಬನ್ನೀಗಿಡದ ಬುಡಕ ಮೊದಲನೇ ಸಪ್ಪಳ ನಂದು!"

ನೂಲು ಎಂಬ ಆ ಊರಿನಲ್ಲಿ ಆಗ ಇದು ಸಣ್ಣ ಮಾತಾಗಿರಲಿಲ್ಲ. ದಸರೆಯ ಸಂಜೆ ಊರೆಲ್ಲ ಸೀಮೆ ದಾಟಿ ಬನ್ನಿಗಿಡದ ಹತ್ತಿರ ಸೇರಿದಾಗ ಪಾಟೀಲರ ಮನೆಯ ಬಂದೂಕು ಆಕಾಶಕ್ಕೆ ಒಂದು ಈಡು ಹಾರಿಸಬೇಕು. ಆಮೇಲೆಯೇ ಜನ ಬನ್ನಿ ಎಲೆ ಹರಿದು ಬಂಗಾರವೆಂದು ಹಂಚಿಕೊಳ್ಳುವುದು. ಆ ಮೊದಲ ಸಪ್ಪಳದ ಮಾನ ಮೂರು ತಲೆಮಾರಿನಿಂದ ಜಿನಗೊಂಡ ಪಾಟೀಲನ ಮನೆಯದು. ಸಂಸ್ಥಾನದ ಕಾಲದಲ್ಲಿ ಯಾರೋ ಸಾಹೇಬ ಕಾಡಹಂದಿಯ ಶಿಕಾರಿಗೆಂದು ಬಂದು, ಒಂದು ಹಂದಿಯೂ ಸಿಗದೆ, ಈ ಮನೆಯ ಹೋಳಿಗೆ ಉಂಡು, ಖುಷಿಯಾಗಿ ಜಿನಗೊಂಡನ ಅಜ್ಜನಿಗೆ ಆ ಬಂದೂಕನ್ನು ಕೊಟ್ಟುಹೋಗಿದ್ದ. ಜೈನರ ಮನೆಯಲ್ಲಿ ಬೇಟೆಯ ಬಂದೂಕು ಅಂದರೆ ಬೋಳುತಲೆಯವನ ಹತ್ತಿರ ಬಾಚಣಿಗೆ ಇದ್ದ ಹಾಗೆ. ವರ್ಷಕ್ಕೊಂದು ಈಡು, ಅದೂ ಆಕಾಶಕ್ಕೆ. ಅಷ್ಟೇ ಅದರ ಬೇಟೆ.

ಅದೂ ನಿಂತು ಹನ್ನೆರಡು ವರ್ಷವಾಗಿತ್ತು. ಜಿನಗೊಂಡನ ಅಪ್ಪ ಬಾಪೂಸಾಹೇಬರು ತೀರಿಕೊಂಡ ಮೇಲೆ ಊರು ಹಲಗೆ ಬಡಿದೇ ಬನ್ನಿ ಮುಡಿಯುತ್ತಿತ್ತು. ಯಾರೂ ಏನೂ ಅಂದಿರಲಿಲ್ಲ, ಈ ಗರ್ನಾಲು ಬರುವ ತನಕ.

ಪಂಚರ ಹಿರಿಯ ಭೀಮಗೊಂಡಜ್ಜ ತೀರ್ಪು ಕೊಟ್ಟ. "ಜಿನಗೊಂಡಾ, ಈ ವರ್ಷ ನಿನ್ನ ಬಂದೂಕ ಒದರಿದ್ರ ಮಾನ ನಿನ್ನ ಮನ್ಯಾಗ ಉಳೀತೈತಿ. ಒದರಲಿಲ್ಲ, ಇನ್ನ ಮುಂದ ದುಂಡಪ್ಪನ ಮನೀಗೆ ಹೋತು. ಆಮ್ಯಾಲ ನನ್ನ ಮುಂದ ಬಂದು ಅಳಬ್ಯಾಡ."

ಜಿನಗೊಂಡ ಎಮ್ಮೆ ಸೀನಿದರೂ ಬೆಚ್ಚುವ ಮನುಷ್ಯ. ದೀಪಾವಳಿಯಲ್ಲಿ ಕಿವಿಗೆ ಹತ್ತಿ ಇಟ್ಟುಕೊಂಡು ಓಡಾಡುವವ. ಆದರೂ ಚಾವಡಿಯ ತುಂಬ ಜನ ತನ್ನನ್ನೇ ನೋಡುತ್ತಿರುವಾಗ, ಅಜ್ಜ ಅಪ್ಪ ಇಬ್ಬರೂ ನೆನಪಾಗಿ, ಬಾಯಿಂದ "ಹೂಂ" ಅನ್ನುವುದು ಹೊರಬಿದ್ದೇಬಿಟ್ಟಿತು.

ಅರವತ್ತೊಂದನೆಯ ಇಸವಿಯ ದಸರೆಯ ಬೆಳಗು. ಜಿನಗೊಂಡ ಜಳಕ ಮಾಡಿ ದೇವರ ಕೋಣೆಗೆ ಹೋದ. ಬಂದೂಕಿನ ಪೆಟ್ಟಿಗೆಯ ಕೀಲಿಕೈ ಅಲ್ಲಿಯ ಗೋಡೆ ಕಪಾಟಿನಲ್ಲಿತ್ತು. ಆ ಕಪಾಟಿಗೆ ಎರಡು ಬಾಗಿಲು. ಬಲಗಡೆಯದಕ್ಕೆ ಗುಂಡು ತಲೆಯ ಒಂದು ಕಬ್ಬಿಣದ ಹಿಡಿಕೆ ಇತ್ತು, ದಿನವೂ ಕೈ ಸವೆದು ಬೆಣ್ಣೆಯಂತೆ ನುಣ್ಣಗಾಗಿತ್ತು. ಎಡಗಡೆಯದಕ್ಕೆ ಹಿಡಿಕೆಯೇ ಇಲ್ಲ. ಅದನ್ನು ಉಗುರು ಹಾಕಿ, ಬೈದು, ತೆಗೆಯಬೇಕು. ಕೀಲಿಕೈ ಎಂದಿನಂತೆ ಎಡಗಡೆಯೇ ಇತ್ತು.

ಪೆಟ್ಟಿಗೆಯ ಮೇಲೆ ನಿನ್ನೆಯ ಖಂಡೇನವಮಿ ಪೂಜೆಯ ಅರಿಶಿನ ಕುಂಕುಮ, ಚೆಂಡುಹೂ. ಪ್ರತಿವರ್ಷ ಅವನ ತಾಯಿ ಚಂಪಾಬಾಯಿ ಪೆಟ್ಟಿಗೆಗೇ ಪೂಜೆ ಮಾಡುತ್ತಿದ್ದಳು, ಮುಚ್ಚಳ ತೆಗೆಯದೆ.

"ಹನ್ನೆರಡ ವರ್ಷ ಮಲಗಿದ್ದನ್ನ ಯಾಕ ಎಬ್ಬಸ್ತೀಯೋ ಯಪ್ಪಾ?" ಎಂದಳು ಚಂಪಾಬಾಯಿ, ಹೂ ಕಟ್ಟುತ್ತ.

"ಅವ್ವಾ, ಮಾನದ ಪ್ರಶ್ನೆ ಐತಿ."

"ಮಾನ ಸಪ್ಪಳದಾಗ ಇರತೈತೇನು? ಹಂಗಿದ್ರ ಗಿರಣಿಗೆ ಎಲ್ಲಾರಕಿಂತ ಭಾಳ ಮಾನ ಇರಬೇಕಾಗಿತ್ತು."

ಜಿನಗೊಂಡ ಮುಚ್ಚಳ ತೆಗೆದ. ಎಣ್ಣೆ ಬಟ್ಟೆ ಬಿಚ್ಚಿದ. ಆ ಬಂದೂಕು ಬೋಲ್ಟಿನದು: ಬಾಗಿಲ ಅಗಳಿಯ ಹಾಗೆ ಹಿಡಿಕೆ ಎತ್ತಿ ಬೋಲ್ಟನ್ನು ಹಿಂದಕ್ಕೆಳೆದು, ಕಾಡತೂಸು ಇಟ್ಟು, ಮುಂದಕ್ಕೆ ತಳ್ಳಿ ಹಿಡಿಕೆಯನ್ನು ಕೆಳಗೆ ಮಡಚಿದರೆ ಈಡಿಗೆ ತಯಾರು. ಬೋಲ್ಟು ಇತ್ತು. ಎತ್ತಬೇಕಾದ ಹಿಡಿಕೆಯೇ ಇರಲಿಲ್ಲ. ಅದಿದ್ದ ಜಾಗದಲ್ಲಿ ಬೆರಳಿನ ಗೆಣ್ಣಿನಷ್ಟು ಮೋಟು ಉಳಿದಿತ್ತು. ಹಿಡಿಕೆ ಇಲ್ಲದ ಬಂದೂಕು ಅಂದರೆ ದೊಡ್ಡ ಲಟ್ಟಣಿಗೆ.

"ಅವ್ವಾ! ಇದರ ಹಿಡಿಕಿ ಎಲ್ಲಿ?"

"ಇಲಿ ತಿಂದಿರಬೇಕು."

"ಕಬ್ಬಿಣಾ ಇಲಿ ತಿಂತಾವೇನವ್ವಾ?"

"ಈ ಮನೀ ಇಲಿ ನಿನಗ ಗೊತ್ತಿಲ್ಲ" ಎಂದು ಚಂಪಾಬಾಯಿ ಇನ್ನೊಂದು ಹೂ ಪೋಣಿಸಿದಳು.

ಈ ಗದ್ದಲ ಕೇಳಿ ಕುಂಥುನಾಥ ಬಂದ. ಅವನು ಜಿನಗೊಂಡನ ಹೆಂಡತಿ ಮಾಣಿಕಬಾಯಿಯ ತಮ್ಮ, ಇಚಲಕರಂಜಿಯ ಶಹಾಪುರದಲ್ಲಿ ನಾಲ್ಕು ಮಗ್ಗದ ಶೆಡ್ಡು ಹಾಕಿದವ, ಹಬ್ಬಕ್ಕೆಂದು ಬಂದಿದ್ದ. ಜಗತ್ತಿನ ಎಲ್ಲ ತೊಂದರೆಗೂ ಅವನ ಹತ್ತಿರ ಇಚಲಕರಂಜಿಯ ಒಂದು ಔಷಧ ಇರುತ್ತಿತ್ತು.

"ಹೆದರಬ್ಯಾಡ್ರಿ ದಾಜಿ!" ಎಂದ ಭಾವನಿಗೆ. "ನಮ್ಮ ಶಹಾಪುರದಾಗ ಮಗ್ಗದ ಹಿಡಿಕಿ ದಿನಾ ಹತ್ತ ಮುರೀತಾವು, ಹತ್ತ ಕೂಡಸ್ತೇವಿ. ಇದೇನ ಮಹಾ? ಗಡಹಿಂಗ್ಲಜಕ್ಕ ಹೋಗೂಣು. ಒಂದ ತಾಸಿನ ಕೆಲಸ."

ಹೋಗಲು ಸೈಕಲ್ಲು ಬೇಕು. ಮನೆಯಲ್ಲಿ ಸೈಕಲ್ಲು ಇತ್ತು. ಆದರೆ ಅದು ದುಂಡಪ್ಪನದು. ತಿಂಗಳ ಹಿಂದೆ "ನಾಳೆ ಕೊಡತೇನಿ" ಎಂದು ತಂದದ್ದು, ಆ ನಾಳೆ ಇನ್ನೂ ಬಂದಿರಲಿಲ್ಲ. ಕುಂಥುನಾಥ ಅದನ್ನೇ ತುಳಿದ. ಜಿನಗೊಂಡ ಹಿಂದೆ ಕೂತು, ಕಂಬಳಿಯಲ್ಲಿ ಸುತ್ತಿದ ಬಂದೂಕನ್ನು ಕೂಸಿನ ಹಾಗೆ ಎದೆಗಪ್ಪಿಕೊಂಡ. ದಾರಿಯುದ್ದಕ್ಕೂ ಎದುರಾದವರೆಲ್ಲ "ಯಾರಿಗೆ ಆರಾಮಿಲ್ರೀ?" ಎಂದು ಕೇಳಿದರು.

ಗಡಹಿಂಗ್ಲಜದಲ್ಲಿ ಮೊದಲು ಸಿಕ್ಕವನು ಬಸ್‌ಸ್ಟ್ಯಾಂಡಿನ ಹತ್ತಿರದ ಕಮ್ಮಾರ. ಕುಲುಮೆಯ ಮುಂದೆ ರಂಗೋಲಿ, ಅಡಿಗಲ್ಲಿಗೆ ಹಾರ, ಸುತ್ತಿಗೆಗೆ ಕುಂಕುಮ. ಅವನು ಹೊಸ ಧೋತರ ಉಟ್ಟು ಎಲೆ ಅಡಿಕೆ ಹಾಕಿಕೊಂಡು ಕೂತಿದ್ದ.

"ಆಜ ನಾಯ ಪಾವ್ಣಂ, ಉದ್ಯಾ ಯಾ" ಎಂದ ಮರಾಠಿಯಲ್ಲಿ. ಇವತ್ತಿಲ್ಲ, ನಾಳೆ ಬನ್ನಿ. ಪೂಜೆಗಿಟ್ಟ ಹತ್ಯಾರವನ್ನು ದಸರೆಯ ಹೊತ್ತು ಮುಳುಗುವ ತನಕ ಯಾರು ಎತ್ತುತ್ತಾರೆ?

ಜಿನಗೊಂಡ ಹಣೆ ಬಡಿದುಕೊಂಡ. ನವಮಿಯ ದಿನ ಹತ್ಯಾರಗಳನ್ನು ಪೂಜೆಗಿಟ್ಟರೆ ಊರಿಗೆ ಊರೇ ಕೈ ಕಟ್ಟಿ ಕೂಡುತ್ತದೆ ಎಂಬುದು ಅವನಿಗೆ ಹುಟ್ಟಿದಾಗಿನಿಂದ ಗೊತ್ತು. ಅವನ ಮನೆಯ ನೇಗಿಲೂ ಆಗ ಹಾರ ಹಾಕಿಕೊಂಡೇ ಮಲಗಿತ್ತು. ಆದರೆ ಬುದ್ಧಿ ಅನ್ನುವುದು ಎಸ್ಟಿ ಬಸ್ಸಿನ ಹಾಗೆ, ಬೇಕಾದಾಗ ಬರುವುದಿಲ್ಲ.

ಸೈಕಲ್ ಅಂಗಡಿಯವ, ಗುಂಡು ಅಂತ ಅವನ ಹೆಸರು, ನಟ್ಟು ತಿರುವುವ ಪಾನಾಕ್ಕೂ ಗಾಳಿ ಹೊಡೆಯುವ ಪಂಪಿಗೂ ಹಾರ ಹಾಕಿದ್ದ. "ಪಾನಾ ಮುಟ್ಟೂದಿಲ್ರಿ ಇವತ್ತ. ನಮ್ಮಪ್ಪ ಬಂದು ನಿಂತ್ರೂ ಮುಟ್ಟೂದಿಲ್ಲ" ಎಂದ. ಬಡಿಗನ ಉಳಿ, ಕ್ಷೌರಿಕನ ಕತ್ತಿ, ಎಲ್ಲಕ್ಕೂ ಕುಂಕುಮ. ಪೇಟೆಯ ನಡುವೆ ಒಬ್ಬ ಹವಾಲ್ದಾರ ತಡೆದ.

"ಏನ ಅದು ಕಂಬಳ್ಯಾಗ?"

ಜಿನಗೊಂಡ ಬಂದೂಕು ಬಿಚ್ಚಿ, ಲೈಸೆನ್ಸಿನ ಕಾಗದ ತೋರಿಸಿ, ತನ್ನ ಕಥೆ ಹೇಳಿದ. ಹವಾಲ್ದಾರ ಮೋಟನ್ನು ಮುಟ್ಟಿ ನೋಡಿ ನಕ್ಕ. "ಹೋಗ್ರಿ ಹೋಗ್ರಿ. ಹಿಡಿಕಿ ಇಲ್ಲದ ಬಂದೂಕ, ಲಾಠಿ ಇಲ್ಲದ ಪೋಲೀಸ, ಎರಡೂ ಒಂದs. ನಮ್ಮ ಲಾಠೀನೂ ಪೂಜಾಕ್ಕ ಇಟ್ಟೇವಿ."

ಕೊನೆಗೆ ಉಳಿದವನು ಹಣಮಂತ ಮಿಸ್ತ್ರಿ. ಎಣ್ಣೆ ಇಂಜಿನ್ನು, ಕಬ್ಬಿನ ಗಾಣ, ಹೊಲಿಗೆಯಂತ್ರ, ಏನು ಕೆಟ್ಟರೂ ಸುತ್ತಲಿನ ಹಳ್ಳಿಯವರು ಅವನ ಹತ್ತಿರವೇ ಬರುತ್ತಿದ್ದರು. ಕಬ್ಬಿಣ ಕಡೆಯುವ ಅವನ ಲೇಥಿಗೆ ಎರಡೂ ಕಡೆ ಕಬ್ಬು ಕಟ್ಟಿ ಮದುಮಗನ ಹಾಗೆ ಸಿಂಗರಿಸಿದ್ದ. ಹಣಮಂತ ಬಂದೂಕನ್ನು ತೊಡೆಯ ಮೇಲಿಟ್ಟುಕೊಂಡು, ಕನ್ನಡಕ ಏರಿಸಿ, ಮೋಟನ್ನು ಬಹಳ ಹೊತ್ತು ನೋಡಿದ. ಅವನ ಮೀಸೆ ಅಲುಗಿತು.

"ಪಾಟೀಲ್ರ, ಇದು ತಾನs ಮುರದದ್ದಲ್ರಿ."

"ಮತ್ತ?"

"ಏನಿಲ್ಲ ಬಿಡ್ರಿ. ಆಯಿ ಆರಾಮ ಅದಾರೇನು?"

"ಅವ್ವ ಆರಾಮ ಅದಾಳ. ಯಾಕ?"

"ಸುಮ್ಮ ಕೇಳಿದೆ. ಅವರ ಕೈದು ಚಕ್ಕಲಿ ತಿಂದು ಭಾಳ ವರ್ಷಾತು."

ಕುಂಥುನಾಥನಿಗೆ ತಾಳ್ಮೆ ಮೀರಿತು. "ಚಕ್ಕಲಿ ಆಮ್ಯಾಲ. ಸಂಜೀಕ ಈಡ ಹಾರಬೇಕು. ಬೆಸಗಿ ಹಾಕ್ತೀರೋ ಇಲ್ಲೋ? ನಮ್ಮ ಇಚಲಕರಂಜ್ಯಾಗ ಆಗಿದ್ರ..."

"ನಿಮ್ಮ ಇಚಲಕರಂಜ್ಯಾಗ ಇವತ್ತ ಮಗ್ಗಾ ನಡದಾವೇನ್ರಿ?"

ಕುಂಥುನಾಥ ಸೈಕಲ್ಲಿನ ಗಂಟೆ ಒರೆಸತೊಡಗಿದ. ಅವನ ನಾಲ್ಕೂ ಮಗ್ಗಗಳು ಕುಂಕುಮ ಹಚ್ಚಿಕೊಂಡು ಮಲಗಿದ್ದವು.

ಜಿನಗೊಂಡ ಅಲ್ಲೇ ಕಟ್ಟೆಯ ಮೇಲೆ ಕುಸಿದ. "ಹಣಮಂತಾ, ನಮ್ಮಜ್ಜನ ಕಾಲದ ಮಾನ ನನ್ನ ಕೈಯಾಗ ಹೋಗಾಕತ್ತೇತಿ. ನಮ್ಮಪ್ಪ ಆ ಗಿಡದ ಬುಡಕ ನಿಂತ್ರ ಊರು ಉಸರ ಹಿಡದ ನೋಡತಿತ್ತು. ನಾ ಹೋಗಿ ದುಂಡಪ್ಪನ ಗರ್ನಾಲದ ಹಿಂದ ನಿಲ್ಲಲೇನು?"

ಹಣಮಂತನ ಮುಖ ಮೆತ್ತಗಾಯಿತು. ಅವನು ತಲೆ ಕೆರೆದ. ಸಾಲಾಗಿ ಕೂತ ತನ್ನ ಹತ್ಯಾರಗಳನ್ನು ನೋಡಿದ. ಆಮೇಲೆ ಎದ್ದು ಒಳಗೆ ಹೋಗಿ ಮಂಚದ ಕೆಳಗೆ ತಡಕಾಡಿ, ಒಂದು ಗೋಣಿ ಚೀಲ ಎಳೆದು ತಂದ.

"ನನ್ನ ಹತ್ಯಾರ ನಾ ಮುಟ್ಟಾಂಗಿಲ್ಲ. ಆದ್ರ ಇವು ನನ್ನವಲ್ಲ."

ಚೀಲದಿಂದ ಒಂದು ಸುತ್ತಿಗೆ ಬಂತು. ಕಬ್ಬಿಣ ತಿಕ್ಕುವ ಒಂದು ಕಾನಸ ಬಂತು. ಕೈಯಿಂದ ತಿರುವುವ ಡ್ರಿಲ್ಲು ಬಂತು. ತಿರುಪಿನ ಗೆರೆ ಕೊರೆಯುವ ಟ್ಯಾಪು ಬಂತು. ಎಲ್ಲ ಎರವಲು. ಎರಡು ವರ್ಷ, ಮೂರು ವರ್ಷ, ಒಂದೊಂದು ಯಾರಿಂದ ತಂದದ್ದೆಂದೇ ಮರೆತುಹೋದಷ್ಟು ವರ್ಷ. ಮಂದಿಯ ಹತ್ಯಾರಕ್ಕೆ ನಾನೇಕೆ ಪೂಜೆ ಮಾಡಲಿ ಎಂದು ಬಿಟ್ಟಿದ್ದ. ಅವುಗಳ ಮಾಲೀಕರ ಹತ್ತಿರ ಅವು ಇರಲೇ ಇಲ್ಲ. ಹೀಗೆ ಗಡಹಿಂಗ್ಲಜದಲ್ಲೆಲ್ಲ ಆ ದಿನ ಕುಂಕುಮ ಕಾಣದ ಹತ್ಯಾರ ಇದ್ದದ್ದು ಆ ಚೀಲದಲ್ಲಿ ಮಾತ್ರ.

"ಶಾಸ್ತ್ರಕ್ಕ ಎಲ್ಲೂ ಧಕ್ಕಾ ಇಲ್ಲ" ಎಂದ ಹಣಮಂತ. "ಈಗ ಹಿಡಿಕೀಗೆ ಕಬ್ಬಿಣಾ ಬೇಕು. ನನ್ನ ಕಬ್ಬಿಣಕ್ಕೂ ಪೂಜಾ ಆಗೇತಿ. ಪೂಜಾ ಆಗದ ಕಬ್ಬಿಣಾ ಏನರ ಐತೇನು?"

ಮೂವರ ಕಣ್ಣೂ ಒಟ್ಟಿಗೆ ಸೈಕಲ್ಲಿನ ಮೇಲೆ ಬಿದ್ದವು. ಎರವಲು ಸೈಕಲ್ಲು, ಜಿನಗೊಂಡನೂ ಅದಕ್ಕೆ ಪೂಜೆ ಮಾಡಿರಲಿಲ್ಲ.

"ದುಂಡಪ್ಪನ ಸೈಕಲ್ಲು ಅದು!" ಎಂದ ಜಿನಗೊಂಡ.

"ಅದಕ್ಕs ಛಲೋ ಆತಲ್ಲ ದಾಜಿ" ಎಂದ ಕುಂಥುನಾಥ. "ಅವನ ಕಬ್ಬಿಣದಲೇ ಅವನ್ನ ಸೋಲಸೂದು."

ಬಲಗಡೆಯ ಪೆಡಲು ಬಿಚ್ಚಿ ಅದರ ಒಳಗಿನ ಅಚ್ಚನ್ನು ತೆಗೆದದ್ದಾಯಿತು. ಹಣಮಂತ ಬಂದೂಕಿನ ಮೋಟಿನಲ್ಲಿ ತೂತು ಕೊರೆದು, ಗೆರೆ ಹಾಕಿ, ಪೆಡಲಿನ ಅಚ್ಚನ್ನು ಅದರೊಳಗೆ ತಿರುವಿ ಕೂಡಿಸಿದ. ಇನ್ನು ಅಂಚು ತಿಕ್ಕಿ ನುಣುಪು ಮಾಡುವುದಷ್ಟೇ ಉಳಿದಿತ್ತು. ಎರಡು ಸಲ ಕಾನಸ ಆಡಿಸಿರಬೇಕು, ಬಾಗಿಲಲ್ಲಿ ಯಾರೋ ಚೀರಿದರು.

"ಏ ಹಣಮ್ಯಾ! ಇದು ನನ್ನ ಕಾನಸ ಅಲ್ಲೇನೋ?"

ಸೈಕಲ್ ಅಂಗಡಿಯ ಗುಂಡು. ಹಬ್ಬದ ಮಾತಿಗೆ ಬಂದವನಲ್ಲ, ಸಪ್ಪಳ ಕೇಳಿ ಬಂದವ. "ಎರಡ ವರ್ಷದಿಂದ ಹುಡಕಾಕತ್ತೇನಿ! ಮನ್ಯಾಗ ಹೆಂಡತೀನ ಬೈದೆ, ತಮ್ಮನ ಬೈದೆ, ಬೆಕ್ಕಿನ್ನೂ ಬೈದೆ!"

"ತಗೋ, ಒಂದ ಹತ್ತ ನಿಮಿಷ..."

"ಹತ್ತ ನಿಮಿಷ ಎಲ್ಲೀದು? ನನ್ನ ಹತ್ಯಾರ ದಸರಾ ದಿನ ಪೂಜಾ ಇಲ್ಲದ ಕುಂತೈತಿ. ಪಾಪ ತಗಲೂದು ನನಗ!" ಗುಂಡು ಕಾನಸ ಕಸಿದುಕೊಂಡು, ಹಣಮಂತನ ಲೇಥಿನ ಮೇಲಿನ ಕುಂಕುಮವನ್ನೇ ಒಂದು ಚಿಟಿಕೆ ತೆಗೆದು ಅದಕ್ಕೆ ಬಳಿದ. ಅಲ್ಲಿಗೆ ಮುಗಿಯಿತು. ಇನ್ನು ಅದನ್ನು ಹೊತ್ತು ಮುಳುಗುವ ತನಕ ಬ್ರಹ್ಮನೂ ಎತ್ತುವಂತಿರಲಿಲ್ಲ.

"ಇರಲಿ, ಒಂದಿಷ್ಟ ಒರಟ ಐತಿ, ಕೈಗೆ ಚುಚ್ಚತೈತಿ" ಎಂದು ಹಣಮಂತ ಬೋಲ್ಟನ್ನು ಎಳೆದು ತಳ್ಳಿ ತೋರಿಸಿದ. ಖಟಕ್, ಖಟಕ್. ಜಿನಗೊಂಡನಿಗೆ ಆ ಸಪ್ಪಳ ಅಪ್ಪನೇ ಗಂಟಲು ಸರಿಪಡಿಸಿಕೊಂಡಂತೆ ಕೇಳಿ ಕಣ್ಣು ತುಂಬಿತು.

"ಬೆಸಗಿ ಹಾಕಿಲ್ರಿ, ತಿರುಪಿನ ಮ್ಯಾಲ ಕೂಡಿಸೇನಿ" ಎಂದು ಹಣಮಂತ ಎರಡೆರಡು ಸಲ ಹೇಳಿದ. "ಬ್ಯಾಡಾದಾಗ ಕೈಲೇ ತಿರುವಿದ್ರ ಬಿಚ್ಚಿ ಬರತೈತಿ. ಮನ್ಯಾಗ ಹಿರೇರು ಇರತಾರ, ಅವರಿಗೂ ಅನುಕೂಲ ಆಗಬೇಕಲ್ಲ?"

ಹಿರಿಯರಿಗೇನು ಅನುಕೂಲ ಎಂದು ಜಿನಗೊಂಡ ಕೇಳಲಿಲ್ಲ. ಕೇಳಬೇಕಿತ್ತು.

ಮರಳುವಾಗ ಸೈಕಲ್ಲಿಗೆ ಒಂದೇ ಪೆಡಲು. ಕುಂಥುನಾಥ ಎಡಗಾಲಿನಿಂದಷ್ಟೇ ತುಳಿದ, ಕುಂಟ ಕೋಳಿ ಓಡಿದಂತೆ. ಏರಿನಲ್ಲಿ ಇಬ್ಬರೂ ಇಳಿದು ನೂಕಿದರು. ಇಳಿಜಾರಿನಲ್ಲಿ ಇಬ್ಬರೂ ಹತ್ತಿ ದೇವರನ್ನು ನೆನೆದರು. ಊರು ಮುಟ್ಟುವಾಗ ಹೊತ್ತು ಪಡುವಣಕ್ಕೆ ವಾಲಿತ್ತು. ಹಲಗೆ ಬಾರಿಸುತ್ತ ಮಂದಿ ಆಗಲೇ ಹೊರಟಿದ್ದರು.

ಮನೆಯಲ್ಲಿ ಚಂಪಾಬಾಯಿ ಹೊತ್ತು ಮುಳುಗುವ ಮೊದಲೇ ಊಟ ಮುಗಿಸಿ ಮಗನ ದಾರಿ ನೋಡುತ್ತಿದ್ದಳು. ಬಂದೂಕಿನ ಹೊಸ ಹಿಡಿಕೆಯನ್ನು ಕಣ್ಣರಳಿಸಿ ನೋಡಿದಳು.

"ಛಲೋ ಮಾಡ್ಯಾನ. ಹಣಮಂತನ ಕೈಯೇನೋ?"

"ಹೌದವ್ವಾ. ನಿನ್ನ ಚಕ್ಕಲಿ ನೆನಸ್ಯಾನ."

"ನೆನಸದs ಏನ ಮಾಡ್ಯಾನ. ಕೊಡಿಲ್ಲೆ, ದೇವರ ಮುಂದ ಇಟ್ಟು ಕುಂಕುಮಾ ಹಚ್ಚಿ ಕೊಡತೇನಿ. ನೀ ಮಾರಿ ತೊಳಕೊಂಡು ನಿಮ್ಮಪ್ಪನ ರುಮಾಲ ಸುತ್ತಿಕೋ ಹೋಗು."

ಅವನು ರುಮಾಲು ಸುತ್ತಿ ಬರುವಷ್ಟರಲ್ಲಿ ಬಂದೂಕು ಬಾಪೂಸಾಹೇಬರ ಕೆಂಪು ಶಾಲಿನಲ್ಲಿ ಅಚ್ಚುಕಟ್ಟಾಗಿ ಸುತ್ತಿಕೊಂಡು ತಯಾರಾಗಿತ್ತು. "ಗಿಡದ ಬುಡಕ ಹೋಗೂತನಕಾ ಬಿಚ್ಚಬ್ಯಾಡ ಮತ್ತ, ದೃಷ್ಟಿ ಆಗತೈತಿ" ಎಂದಳು ತಾಯಿ.

ಬನ್ನಿಗಿಡದ ಸುತ್ತ ಇಡೀ ನೂಲು ನೆರೆದಿತ್ತು. ಜಿನಗೊಂಡ ಕೆಂಪು ಶಾಲು ಹೊತ್ತು ಬಂದದ್ದೇ ಹಳಬರೆಲ್ಲ "ಬಾಪೂಸಾಹೇಬರು ನಡದು ಬಂದಾಂಗ ಆತು" ಎಂದರು. ದುಂಡಪ್ಪನ ಮುಖ ಸಣ್ಣದಾಯಿತು. ಜಿನಗೊಂಡ ಕಿವಿಗೆ ಹತ್ತಿ ತುರುಕಿಕೊಂಡ. ಜೇಬಿನಿಂದ ಕಾಡತೂಸು ತೆಗೆದ. ಎದೆ ಉಬ್ಬಿಸಿ ಶಾಲು ಬಿಚ್ಚಿದ.

ಬೋಲ್ಟು ಇತ್ತು. ಹಿಡಿಕೆ ಇರಲಿಲ್ಲ. ಅದು ಇದ್ದಲ್ಲಿ ಹಲ್ಲು ಬಿದ್ದ ಬಾಯಿಯ ಹಾಗೆ ಒಂದು ತೂತು.

"ಹಾದ್ಯಾಗ ಬಿದ್ದಿರಬೇಕು ದಾಜಿ!" ಎಂದು ಕುಂಥುನಾಥ ಹುಲ್ಲಿನಲ್ಲಿ ಮೊಣಕಾಲೂರಿ ಹುಡುಕತೊಡಗಿದ. ಹತ್ತು ಮಂದಿ ಹುಡುಕಿದರು. ಭೀಮಗೊಂಡಜ್ಜ ಮುಳುಗುವ ಹೊತ್ತನ್ನು ನೋಡಿದ, ಜಿನಗೊಂಡನನ್ನು ನೋಡಿದ, ನಿಟ್ಟುಸಿರು ಬಿಟ್ಟು ದುಂಡಪ್ಪನಿಗೆ ಕೈ ಮಾಡಿದ.

ಢಮ್!

ಕಿವಿಯಲ್ಲಿ ಹತ್ತಿ ಇದ್ದರೂ ಜಿನಗೊಂಡ ಒಂದು ಗೇಣು ಮೇಲೆ ಹಾರಿದ. ಬನ್ನಿಗಿಡದಿಂದ ಇಪ್ಪತ್ತು ಮೂವತ್ತು ಬೆಳವನ ಹಕ್ಕಿಗಳು ಬರ್ರನೆ ಎದ್ದು, ಕೆಂಪು ಆಕಾಶದಲ್ಲಿ ಒಂದು ಸುತ್ತು ಹೊಡೆದು, ಊರ ಕಡೆ ಹಾರಿಹೋದವು. ಮಂದಿ ಬಂಗಾರಕ್ಕೆ ಮುಗಿಬಿದ್ದರು. ಎಲ್ಲರಿಗಿಂತ ಮೊದಲು ದುಂಡಪ್ಪನೇ ಬಂದು ಜಿನಗೊಂಡನ ಕೈಗೆ ಎಲೆ ಇಟ್ಟು, "ಬಂಗಾರದಂಗ ಇರೂಣ್ರಿ ಪಾಟೀಲ್ರ" ಎಂದು ಅಪ್ಪಿಕೊಂಡ. ಅಪ್ಪುಗೆಯಲ್ಲಿ ಮದ್ದಿನ ವಾಸನೆ ಇತ್ತು.

ಮಾಣಿಕಬಾಯಿ ಬಾಗಿಲಲ್ಲಿ ಆರತಿ ಎತ್ತಿದಳು. ಗಂಡನ ಮುಖ ನೋಡಿ ಆರತಿ ಬೇಗ ಮುಗಿಸಿದಳು. ಜಿನಗೊಂಡ ಕಾಡತೂಸು ಇಡಲು ದೇವರ ಕೋಣೆಗೆ ಹೋದ. ಕಪಾಟಿನ ಎಡಗಡೆಯ ಬಾಗಿಲಿಗೆ ಉಗುರು ಹಾಕಬೇಕೆಂದು ಕೈ ಚಾಚಿದವನಿಗೆ ಏನೋ ಚುಚ್ಚಿತು.

ಎಡಗಡೆಯ ಬಾಗಿಲಿಗೊಂದು ಹಿಡಿಕೆ ಬಂದಿತ್ತು. ಒರಟು ಅಂಚಿನ, ಪೆಡಲಿನ ಅಚ್ಚಿನ ಹಿಡಿಕೆ.

ಅವನು ದೀಪ ಹತ್ತಿರ ತಂದು, ಆ ಕೈಯಿಂದ ಅದನ್ನೂ ಈ ಕೈಯಿಂದ ಬಲಗಡೆಯ ನುಣ್ಣನೆಯ ಗುಂಡು ಹಿಡಿಕೆಯನ್ನೂ ಹಿಡಿದುಕೊಂಡು ನಿಂತ. ಹನ್ನೆರಡು ವರ್ಷ ದಿನಕ್ಕೆರಡು ಸಲ ಹಿಡಿದೆಳೆದ ಹಿಡಿಕೆ! ಅಪ್ಪ ಅದನ್ನು ಎತ್ತಿ ಖಟಕ್ಕೆಂದು ಎಳೆಯುತ್ತಿದ್ದುದು ಈಗ ಕಣ್ಣ ಮುಂದೆ ಬಂತು.

"ಅವ್ವಾ..."

ಚಂಪಾಬಾಯಿ ಮೂಲೆಯಲ್ಲಿ ಜಪಮಣಿ ಎಣಿಸುತ್ತಿದ್ದಳು. ಎಣಿಕೆ ನಿಲ್ಲಿಸಲಿಲ್ಲ.

"ಸಂಸ್ಥಾನ ಮುಳುಗಿದ ವರ್ಷ ನಿಮ್ಮಪ್ಪ ಈಡ ಹಾರಸಿದಾಗ ಒಂದ ಬೆಳವ ಈಡ ತಾಗಿ ಬಂಗಾರದಾಗ ಬಿತ್ತು. ಊರು ಎಲಿ ಹರ್ಯಾಕತ್ತಿತ್ತು, ಯಾರೂ ನೋಡಲಿಲ್ಲ. ಅವರು ಒಬ್ಬರs ನೋಡಿದರು. ಶಾಲಿನಾಗ ಸುತ್ತಿಕೊಂಡು ಮನೀಗೆ ತಂದರು. ಮೂರ ದಿನ ಉಣ್ಣಲಿಲ್ಲ." ಎರಡು ಮಣಿ ಸರಿದವು. "ಆದ್ರ ಊರಿಗೆ ಹೆಂಗ ಬ್ಯಾಡ ಅನ್ನೂದು? ಮಾನ ಅಲ್ಲೇನು. ಮುರದೈತಿ ಅಂದ್ರ ಯಾರೂ ಏನೂ ಅನ್ನಾಂಗಿಲ್ಲ ಅಂತ ಹಣಮಂತನ್ನ ಕರಸಿ ನಾನs ಕೊಯ್ಯಿಸಿದೆ. ಅವರು ನೋಡಿ ನಕ್ಕರು. ಆ ವರ್ಷ ಅವರು ನಕ್ಕದ್ದು ಅದೊಂದs ಸಲ. ಮುಂದಿನ ದಸರಾ ಬರೂದರಾಗ ಹೋಗೇಬಿಟ್ರು."

"ಕೊಯ್ಯಿಸಿದ್ದು ಖರೆ. ಕಪಾಟಕ್ಕ ಯಾಕ ಹಚ್ಚಿದಿ?"

"ಅಷ್ಟ ಛಲೋ ಕಬ್ಬಿಣಾ, ಒಗೀಲಿಕ್ಕೆ ಮನಸ ಬರಲಿಲ್ಲ. ಎಡಗಡೀದಕ್ಕೂ ಒಂದ ಬೇಕಾಗಿತ್ತು ನೋಡು. ನೀನs ತಂದಿ."

ಜಿನಗೊಂಡನಿಗೆ ಸಿಟ್ಟು ಬರಬೇಕಿತ್ತು. ಆದರೆ ಅಪ್ಪನ ಕೆಂಪು ಶಾಲು ಹೆಗಲ ಮೇಲಿತ್ತು, ಅದರ ಒಂದು ಮೂಲೆಯಲ್ಲಿ ಹಳೆಯ ಕಂದು ಕಲೆ ಇತ್ತು. ಅದು ಎಲೆಯಡಿಕೆಯದೆಂದೇ ಅವನು ಇಷ್ಟು ವರ್ಷ ತಿಳಿದಿದ್ದ.

ಅಷ್ಟರಲ್ಲಿ ಅಂಗಳದಿಂದ ಹೊಸ ಮಾನದ ಧ್ವನಿ ಕೇಳಿಸಿತು.

"ಪಾಟೀಲ್ರ, ಅದೀರೇನು? ನನ್ನ ಸೈಕಲ್ಲರ ಕೊಡ್ರಿ. ಗಡಹಿಂಗ್ಲಜಕ್ಕ ಹೋಗಿ ಬೀಗರಿಗೆ ಮಾನದ ಸುದ್ದಿ ಹೇಳಿ ಬರಬೇಕು."

ಜಿನಗೊಂಡ ಪೆಡಲಿನ ಅಚ್ಚನ್ನು ತಿರುವಿದ. ಅದು ಅಲುಗಲಿಲ್ಲ. ಚಂಪಾಬಾಯಿ ಅದನ್ನು ಕಪಾಟಿನ ಹಲಗೆಯೊಳಗೆ ಒನಕೆಯಿಂದ ಬಡಿದು ಕೂಡಿಸಿದ್ದಳು.

"ಅದನ್ನ ಅಲುಗಾಡಸಬ್ಯಾಡ, ಕಪಾಟ ಸೀಳತೈತಿ" ಎಂದು ಚಂಪಾಬಾಯಿ ಜಪಮಣಿ ಕೆಳಗಿಟ್ಟು ಎದ್ದಳು. ದೇವರ ಮುಂದಿನ ಕುಂಕುಮದ ಬಟ್ಟಲು ಹಿಡಿದು ಹಿತ್ತಲ ಬಾಗಿಲಿನಿಂದ ಸರಸರ ಹೋಗಿ, ಗೋಡೆಗೊರಗಿದ್ದ ಸೈಕಲ್ಲಿಗೆ ಒಂದು ಬೊಟ್ಟು ಇಟ್ಟು, ಅಂಗಳಕ್ಕೆ ಬಂದು ಹೇಳಿದಳು:

"ಬಾ ದುಂಡಪ್ಪಾ, ಬಂಗಾರ ಕೊಟ್ಟ ಹೋಗು. ಸೈಕಲ್ಲಿಗೆ ಈಗs ಪೂಜಾ ಆಗೇತಿ, ನಾಳಿ ಮುಂಜಾನೀತನಕ ಎತ್ತಾಂಗಿಲ್ಲ. ಮುಂಜಾನೆ ನಮ್ಮ ಜಿನಗೊಂಡನs ನಿನ್ನ ಮನೀಗೆ ತಂದ ಬಿಡತಾನ. ಎರಡೂ ಪೆಡಲ ಸಮೇತ."